ಅನುಕಂಪದ ಕೆಲಸ

ಬುಧವಾರ, ಮಾರ್ಚ್ ೧೧

ಪ್ರೀತಿಯ ಗುಬ್ಬಿ,

ಹೇಗಿದ್ದೀಯ? ಹೀಗೆ ಕೇಳುವ ಮುಖ ನನಗೆ ಉಳಿದಿದೆಯೇ ಎಂದು ನಾಲ್ಕು ದಿನ ಯೋಚಿಸಿ, ಕೊನೆಗೆ ಕೇಳಿಯೇಬಿಟ್ಟೆ. ವಿಳಾಸ ಕೊಟ್ಟವನು ಔಷಧಿ ಅಂಗಡಿಯವನು. ಹಾಸ್ಟೆಲಿನ ಅಡುಗೆಮನೆಯಲ್ಲಿ ಕೆಲಸಕ್ಕಿದ್ದೀಯಂತೆ, ಮಲಗಲು ಉಗ್ರಾಣದ ಪಕ್ಕ ಜಾಗ ಕೊಟ್ಟಿದ್ದಾರಂತೆ. ಕೇಳಿ ಸುಮ್ಮನೆ ಮನೆಗೆ ಬಂದೆ.

ನಾನು ಚೆನ್ನಾಗಿದ್ದೇನೆ ಎಂದು ಬರೆದು ಹೊಡೆದುಹಾಕಿದೆ. ಬೆಳಿಗ್ಗೆ ಬೀಗ ಹಾಕಿಕೊಂಡು ಹೊರಡುತ್ತೇನೆ, ಸಂಜೆ ನಾನೇ ಬಂದು ತೆಗೆಯುತ್ತೇನೆ. ಇಟ್ಟ ಲೋಟ ಇಟ್ಟಲ್ಲೇ ಇರುತ್ತದೆ. ಮೊನ್ನೆ ಭಾನುವಾರ ಇಡೀ ದಿನ ನನ್ನ ಬಾಯಿಂದ ಬಂದದ್ದು ಒಂದೇ ಮಾತು, ಹಾಲಿನವನಿಗೆ ಅರ್ಧ ಲೀಟರ್ ಸಾಕು ಎಂದದ್ದು.

ಕಚೇರಿಯಲ್ಲಿ ಎಲ್ಲರೂ ಮರ್ಯಾದೆಯಿಂದಲೇ ನೋಡುತ್ತಾರೆ. ಕಷ್ಟವಾಗುವುದೂ ಅದೇ. ಸೇರಿದ ವಾರ ಅಟೆಂಡರ್ ಟೀ ತಂದಿಟ್ಟು, "ಸಾರ್ ಶುಗರ್ ಬಂದ್ಮೇಲೆ ಸಕ್ಕರೆ ಮುಟ್ಟಲಿಲ್ಲ ಮೇಡಂ. ಮನೇಲಿ ನೀವು ಬಿಡಲ್ಲ ಅಂತಿದ್ರು" ಎಂದ. ನಿನ್ನ ಅಣ್ಣನಿಗೆ ಸಕ್ಕರೆ ಕಾಯಿಲೆ ಇತ್ತೆಂದು ನನಗೆ ಗೊತ್ತಾದದ್ದು ಆಗಲೇ. ಹೂಂ ಎಂದೆ. ಆಮೇಲೆ ಒಂದೊಂದೇ ತಿಳಿಯಿತು. ಕಾಲಿನ ಹುಣ್ಣು ತೊಳೆದು ಪಟ್ಟಿ ಕಟ್ಟಿದ್ದು, ಕನ್ನಡಕ ಒಡೆದಾಗ ಅವರಿಗೆ ದಿನಪತ್ರಿಕೆ ಓದಿ ಹೇಳಿದ್ದು, ಎಲ್ಲವನ್ನೂ ಹೆಂಡತಿ ಮಾಡಿದಳೆಂದೇ ಅವರು ಇಲ್ಲಿ ಹೇಳಿಕೊಂಡಿದ್ದರು. ಏಳು ವರ್ಷದ ಹಿಂದೆ ಬಿಟ್ಟುಹೋಗಿ, ಇನ್ನೊಂದು ಊರಿನಲ್ಲಿ ಹೊಲಿಗೆ ಹಾಕುತ್ತಿದ್ದ ನಾನು ಅವರ ಬಾಯಲ್ಲಿ ಮನೆಯಲ್ಲೇ ಇದ್ದೆ. ಇದನ್ನೆಲ್ಲ ಮಾಡಿದ ನೀನೇ ಎಲ್ಲೂ ಇರಲಿಲ್ಲ.

ಅವರು ಕಚೇರಿಯ ಕುರ್ಚಿಯಲ್ಲೇ ಕುಸಿದು ತೀರಿಹೋದ ಮೇಲೆ ಅನುಕಂಪದ ಕೆಲಸಕ್ಕೆ ಮೊದಲು ಅರ್ಜಿ ಹಿಡಿದು ಓಡಿದವಳು ನೀನು. ಅವರಿಗೆ ಮದುವೆಯಾಗಿರದಿದ್ದರೆ ತಂಗಿಗೆ ಕೊಡಬಹುದಿತ್ತು, ಹೆಂಡತಿ ಇದ್ದಾಳಲ್ಲ ಎಂದು ಸೂಪರಿಂಟೆಂಡೆಂಟರು ವಾಪಸ್ಸು ಕಳಿಸಿದರಂತೆ. ಎರಡು ಬಸ್ಸು ಬದಲಿಸಿ ನನ್ನ ಬಳಿ ಬಂದೆ. "ಅತ್ತಿಗೆ, ನೀವಾದ್ರೂ ಹಾಕಿ. ಇಬ್ಬರೂ ಒಂದೇ ಮನೇಲಿ ಇದ್ಕೊಳ್ಳೋಣ" ಎಂದೆ. ವಿಚಾರಣೆಗೆ ಅಧಿಕಾರಿ ಬಂದ ದಿನ ನೀನು ನನ್ನ ಸೀರೆಗಳನ್ನು ಹಗ್ಗದ ಮೇಲೆ ಹರವಿ, ಅತ್ತಿಗೆ ಅಣ್ಣನನ್ನು ಬಿಟ್ಟು ಒಂದು ದಿನವೂ ಇದ್ದವರಲ್ಲ ಎಂದು ಕಣ್ಣು ಮಿಟುಕಿಸದೆ ಹೇಳಿದೆ. ನಾನು ಒಳಗೆ ನಿಂತು ಕೇಳಿಸಿಕೊಳ್ಳುತ್ತಿದ್ದೆ.

ಆಮೇಲಿನದು ನಮ್ಮಿಬ್ಬರಿಗೇ ಗೊತ್ತು. ಕೇಳಿದವರಿಗೆಲ್ಲ ನೀನಾಗಿಯೇ ಹೋದೆ ಎಂದು ಹೇಳುತ್ತ ಬಂದಿದ್ದೇನೆ. ನೇಮಕದ ಆದೇಶ ಕೈಗೆ ಬಂದ ವಾರ ನಾನು ಹೇಳಿದ್ದೇನು? "ನಿನಗೂ ಅಂತ ಒಂದು ಬದುಕು ಬೇಡ್ವಾ ಗುಬ್ಬಿ?" ಎಷ್ಟು ಮೆತ್ತಗೆ ಹೇಳಿದೆ! ಅವರು ಹೋದ ಮೇಲೂ ಅವರ ಮಾತ್ರೆಗಳನ್ನು ನೀನು ಸಾಲಾಗಿ ಜೋಡಿಸಿಡುತ್ತಿದ್ದೆ. ಅದನ್ನು ನೋಡಿದಾಗಲೆಲ್ಲ ಆ ಮನೆಗೆ ನಾನು ಹೊರಗಿನವಳು ಅನ್ನಿಸುತ್ತಿತ್ತು. ನೀನು ಮಾತಿನ ಅರ್ಥ ಕೇಳಲಿಲ್ಲ. ಮಾರನೆಯ ದಿನ ಚೀಲ ತುಂಬಿ, ಬೀಗದ ಕೈಯನ್ನು ಮೊಳೆಗೆ ಸಿಕ್ಕಿಸಿ ಹೊರಟೆ. ನಾನು ಒಮ್ಮೆಯಾದರೂ ಕೂಗಿ ಕರೆಯಬಹುದಿತ್ತು. ಒಲೆಯ ಮುಂದೆ ಬೆನ್ನು ಹಾಕಿ ನಿಂತಿದ್ದೆ.

ಈಗ ನನಗೆ ಕೊಟ್ಟಿರುವುದು ಅನುಕಂಪದ ಅರ್ಜಿಗಳ ಮೇಜು. ಕಳೆದ ಶುಕ್ರವಾರ ಒಬ್ಬ ಹೆಂಗಸು ಬಂದಳು, ನಿನಗಿಂತ ಸ್ವಲ್ಪ ದೊಡ್ಡವಳಿರಬೇಕು. ತೀರಿಹೋದ ಮೇಷ್ಟರ ತಂಗಿ. ಅವರ ಹೆಂಡತಿ ದೂರದಲ್ಲೆಲ್ಲೋ ಇದ್ದಾಳೆ, ಕೆಲಸ ಬೇಕಿಲ್ಲ, ಬರುವುದೂ ಇಲ್ಲ. ಹೆಂಡತಿ ಇರುವಾಗ ತಂಗಿ ಅರ್ಹಳಲ್ಲ ಎಂದು ವಿವರಿಸಿದೆ. ಅವಳು ನಮೂನೆಯನ್ನು ನನ್ನ ಕಡೆ ತಿರುಗಿಸಿ, "ಹನ್ನೊಂದು ವರ್ಷ ಅಣ್ಣನ್ನ ಎತ್ತಿ ಕೂರಿಸಿ ಉಣ್ಸಿದ್ದೀನಿ ಮೇಡಂ. ಅದನ್ನ ಯಾವ ಕಾಲಮ್ಮಲ್ಲಿ ಬರೀಲಿ, ಹೇಳಿ" ಎಂದಳು. ಜಗಳದ ದನಿಯಲ್ಲ. ನಿಜವಾಗಿ ತಿಳಿದುಕೊಳ್ಳಲೆಂದೇ ಪೆನ್ನು ಹಿಡಿದು ಕಾಯುತ್ತಿದ್ದಳು.

ತಿರಸ್ಕರಿಸಲಾಗಿದೆ ಎಂಬ ಉತ್ತರವನ್ನು ನನ್ನ ಕೈಯಾರೆ ಬರೆದು ಕೊಟ್ಟೆ. ಅವಳು ಮಡಚಿ ಕೈಚೀಲದಲ್ಲಿಟ್ಟುಕೊಂಡು, "ಬರ್ತೀನಮ್ಮ" ಎಂದು ಹೇಳಿ ಹೋದಳು.

ಗುಬ್ಬಿ, ಬಂದುಬಿಡು. ಋಣ ತೀರಿಸುವ ಮಾತಾಡುತ್ತಿಲ್ಲ, ಅದು ತೀರುವಂಥದ್ದೂ ಅಲ್ಲ. ನನಗೆ ಒಬ್ಬಳೇ ಇರಲು ಆಗುತ್ತಿಲ್ಲ. ನಾನು ಯಾರ ಹೆಸರಿನಲ್ಲಿ ಸಂಬಳ ಎಣಿಸುತ್ತಿದ್ದೇನೋ ಅವರು ಹೇಗಿದ್ದರೆಂದು ಹೇಳಬಲ್ಲವಳು ನೀನೊಬ್ಬಳೇ. ಬೈದುಕೊಂಡಾದರೂ ಬಾ. ಬರುವುದಿಲ್ಲವಾದರೆ ಹಾಗೆಂದು ಒಂದು ಸಾಲು ಬರೆ, ನಾನೇ ಬರುತ್ತೇನೆ.

ನಿನ್ನ ಅತ್ತಿಗೆ

ತಾ.ಕ.: ಅರ್ಜಿಯ ಜೊತೆ ಕೊಟ್ಟ ಮುಚ್ಚಳಿಕೆಯಲ್ಲಿ, ಮೃತರನ್ನು ನಂಬಿಕೊಂಡಿದ್ದು ಇನ್ನು ಮುಂದೆ ನಾನು ಸಾಕಬೇಕಾದವರ ಹೆಸರು ಕೇಳಿದ್ದರು. ಅಲ್ಲಿ "ಯಾರೂ ಇಲ್ಲ" ಎಂದು ಬರೆದಿದ್ದೆ. ಕೆಳಗೆ ಸಾಕ್ಷಿಯಾಗಿ ನೀನು ಓದದೆ ಸಹಿ ಹಾಕಿದೆ. ಇವತ್ತು ನಿನ್ನ ಹೆಸರು ಸೇರಿಸಿ ತಿದ್ದುಪಡಿ ಪತ್ರ ಕೊಟ್ಟೆ. ಯಾಕೆ ಮುಚ್ಚಿಟ್ಟಿರಿ ಎಂದು ಮತ್ತೆ ವಿಚಾರಣೆಯಾಗುತ್ತದೆ, ಕೆಲಸಕ್ಕೇ ಕುತ್ತು ಬರಬಹುದು, ವಾಪಸ್ಸು ತೆಗೆದುಕೊಳ್ಳಿ ಎಂದರು ಸೂಪರಿಂಟೆಂಡೆಂಟರು. ತೆಗೆದುಕೊಳ್ಳಲಿಲ್ಲ. ನಿನ್ನನ್ನೂ ಕರೆದು ಕೇಳುತ್ತಾರೆ. ಈ ಸಲ ನನಗಾಗಿ ಸುಳ್ಳು ಹೇಳಬೇಡ.