ಮಬ್ಬಮ್ಮನಿಗೆ ಕೇಳುವಂತೆ

ಕರಿಗಲ್ಲುದೊಡ್ಡಿ, ರಾಮನಗರ ತಾಲ್ಲೂಕು
ಬುಧವಾರ, 12 ಮಾರ್ಚ್ 2025

ಪ್ರೀತಿಯ ಅಪ್ಪಯ್ಯನಿಗೆ ಕಿರಿಮಗಳು ನಯನಳ ನಮಸ್ಕಾರಗಳು.

ಕಣ್ಣು ಹೇಗಿದೆ? ಪೊರೆ ತೆಗೆಸಿದ ಮೇಲೆ ನೀರು ಸೋರುವುದು ನಿಂತಿತೇ? ಚೈತ್ರಕ್ಕ ಹೊತ್ತಿಗೆ ಸರಿಯಾಗಿ ಡ್ರಾಪ್ಸ್ ಹಾಕುತ್ತಿದ್ದಾಳೋ, ಇಲ್ಲ ಮಾಗಡಿಯ ನೆಂಟರನ್ನೆಲ್ಲ ಸುತ್ತ ಕೂರಿಸಿಕೊಂಡು ನೀವು ರಾಗ ಎಳೆಯುತ್ತಾ ಕೂತಿದ್ದೀರೋ? ಕಪ್ಪು ಕನ್ನಡಕ ಮಾತ್ರ ತೆಗೆಯಬೇಡಿ. ಇಲ್ಲಿ ಸೋಮವಾರ ಇಡೀ ಆಕಾಶವೇ ನಿಮ್ಮ ಹಾಗೆ ಕಪ್ಪು ಕನ್ನಡಕ ಏರಿಸಿಕೊಂಡು ಕೂತುಬಿಟ್ಟಿತ್ತು. ಹೌದು ಅಪ್ಪಯ್ಯ, ಎಂಟು ವರ್ಷದ ಮೇಲೆ ಮಬ್ಬಮ್ಮ ಇಳಿದಿದ್ದಳು. ಫೋನುಗಳಿಗೆ ಇನ್ನೂ ಬೆಳಕು ಮರಳಿಲ್ಲ, ಅದಕ್ಕೇ ಈ ಕಾಗದ. ರೇಷ್ಮೆಗೂಡಿನ ಗಾಡಿಯ ಬಾಬಾಜಾನ್ ಮಾಗಡಿ ಕಡೆ ಹೊರಟಿದ್ದಾನೆ, ಅವನ ಕೈಯಲ್ಲಿ ಕಳಿಸುತ್ತಿದ್ದೇನೆ. ಯಾರ ಬಾಯಿಂದಲೋ ಕೇಳುವ ಮೊದಲು ನನ್ನ ಬಾಯಿಂದಲೇ ಕೇಳಿ. ಅಕ್ಕ ಓದಿ ಹೇಳುವಾಗ ಗಟ್ಟಿಯಾಗಿ ಓದಲಿ.

ಮಧ್ಯಾಹ್ನ ಹನ್ನೆರಡಕ್ಕೆ, ಸೂರ್ಯ ನೆತ್ತಿಯ ಮೇಲಿರುವಾಗಲೇ ಬೆಟ್ಟದ ತುದಿಯಿಂದ ಶುರುವಾಯಿತು. ಮೋಡವಲ್ಲ, ಹೊಗೆಯಲ್ಲ; ನೀರು ಬೆರೆಸಿದ ಹಾಲಿನ ಹಾಗೆ ಬೆಳಕೇ ತೆಳುವಾಗುತ್ತಾ ಹೋಯಿತು. ಒಲೆಯ ಉರಿ ಅರಿಶಿನದ ಚಿಟಿಕೆಯಷ್ಟಾಯಿತು. ಟಾರ್ಚಿನ ಬೆಳಕು ಅಂಗೈ ದಾಟಲಿಲ್ಲ. ಬಿಡದಿಯ ಫ್ಯಾಕ್ಟರಿಗಳ ದೊಡ್ಡ ದೊಡ್ಡ ದೀಪಗಳೂ ಮಿಣುಕುಹುಳಗಳಾಗಿದ್ದವಂತೆ. ದೊಡ್ಡಿಯಲ್ಲಿ ಪದ್ಧತಿಯಂತೆ ಕದಗಳೂ ಮುಚ್ಚಿದವು, ಬಾಯಿಗಳೂ ಮುಚ್ಚಿದವು. ಅವಳು ಇರುವಷ್ಟು ಹೊತ್ತು ಮಾತಾಡಿದವರ ಕಣ್ಣನ್ನು ಮಬ್ಬಮ್ಮ ಕಿತ್ತುಕೊಂಡು ಹೋಗುತ್ತಾಳೆ ಎಂದು ನೀವೇ ನನ್ನನ್ನು ಮಡಿಲಿಗೆ ಅದುಮಿಕೊಂಡು ಹೇಳಿದ್ದಿರಿ. ಊರೆಲ್ಲ ಒಳಗೆ, ಒಬ್ಬನ ಹೊರತು. ನಿಮ್ಮ ಅಳಿಯ ಬೈರೇಶ್ ಅರವತ್ತು ಕುರಿ ಹೊಡೆದುಕೊಂಡು ಬೆಳಿಗ್ಗೆಯೇ ಬೆಟ್ಟ ಹತ್ತಿದ್ದ. ಅವನು ಇಳಿಯುವ ದಾರಿಯ ಬಲಕ್ಕೆ ಹಳೆಯ ಕಲ್ಲುಕ್ವಾರಿ. ಅದರ ಆಳ ನಿಮಗೆ ಗೊತ್ತು.

ನಿಮ್ಮ ತಂಗಿ, ನನ್ನ ದಾಸಮ್ಮತ್ತೆ, ಹೆತ್ತ ಮಗ ಬೆಟ್ಟದ ಮೇಲಿದ್ದರೂ ಸೆರಗನ್ನು ಬಾಯಿಗೆ ತುರುಕಿಕೊಂಡು ಮೂಲೆಯಲ್ಲಿ ಕೂತಿದ್ದರು. ನಾನು ಅಂಗಳಕ್ಕೆ ಬಂದು ಗಂಡನ ಹೆಸರು ಹಿಡಿದು ಕೂಗಿದೆ. ಕೂಗು ಬಂಡೆಯಿಂದ ಬಂಡೆಗೆ ಪುಟಿದು ನಾಲ್ಕು ದಿಕ್ಕಿನಿಂದಲೂ ವಾಪಸು ಬಂತು. ಹೀಗೆ ಒಂದೊಂದೇ ಕೂಗಾದರೆ ಅವನು ಯಾವ ಕಡೆಗೆ ಕಾಲಿಡಬೇಕು? ಎಡೆಬಿಡದ ದನಿ ಬೇಕಿತ್ತು, ಹಿಡಿದುಕೊಂಡು ಇಳಿಯಲು ಹಗ್ಗದ ಹಾಗೆ. ಅಷ್ಟರಲ್ಲಿ ಪಕ್ಕದ ಮನೆಯ ಲಕ್ಷ್ಮಯ್ಯ ಮಾವ ಕದದ ಸಂದಿಯಿಂದ, "ಬಾಯ್ ಮುಚ್ಚೇ ನಯನಾ! ನಿನ್ ಕಣ್ ಜೊತೆ ಊರ್ ಕಣ್ಣೂ ಕಳೀತೀಯೇನೇ?" ಎಂದು ಪಿಸುಗುಟ್ಟಿದರು. ಪಿಸುಗುಟ್ಟುವುದೂ ಮಾತೇ ಅಲ್ಲವೇ? ಅವರ ಕಣ್ಣಿಗೇನಾಯಿತು?

ಎಡೆಬಿಡದೆ ಹೇಳಲು ನನಗೆ ಬರುವುದು ಒಂದೇ, ಅಪ್ಪಯ್ಯ. ನೀವೇ ಬರೆದು ಆಡಿಸಿದ 'ಪ್ರಚಂಡಬಾಹು ಪ್ರತಾಪ'. ನೀವು ಊರ ಗಂಡಸರಿಗೆ ಮಾತು ತಿದ್ದುವಾಗ ಒಂದೇ ಅಂಗಳವನ್ನು ಮೂರು ಮೂರು ಸಲ ಗುಡಿಸಿ ನಾನು ಕಲಿತದ್ದು. "ಹೆಣ್ಣ್ ಬಾಯಲ್ಲಿ ಪ್ರಚಂಡಬಾಹು ಬಂದ್ರೆ ಮನೆ ಉದ್ಧಾರ ಆಯ್ತದಾ?" ಎಂದು ನೀವು ಹಾರ್ಮೋನಿಯಂ ಮುಚ್ಚಿಬಿಟ್ಟಿರಲ್ಲ, ಅದೇ ನಾಟಕ. ಊದುಗೊಳವೆಯನ್ನು ಗದೆಯ ಹಾಗೆ ಹೆಗಲಿಗೇರಿಸಿ, ಜಗಲಿ ಹತ್ತಿ, ನೀವು ಅವರಿಗೆ ಹೇಳಿಕೊಟ್ಟಂತೆ ಹೊಕ್ಕುಳಿಂದ ದನಿ ಎತ್ತಿದೆ: "ಎಲೈ ಅಂಧಕಾರವೇ! ಬಾಗಿಲ ಹಿಂದೆ ನಡುಗುವವರ ಕಣ್ಣಿಗೆ ಹೊಂಚುವ ಅಂಜುಬುರುಕಿಯೇ! ಇಗೋ ನಿಂತಿದ್ದಾನೆ ಪ್ರಚಂಡಬಾಹು, ಎದೆಯಿದ್ದರೆ ಎದುರು ಬಾ!" ಮೊದಲ ಎರಡು ಪದ ನಿಮ್ಮವು, ಉಳಿದದ್ದು ನನ್ನದು. ಕ್ಷಮಿಸಿ. ಅಲ್ಲ, ಕ್ಷಮೆ ಯಾಕೆ? ಚೆನ್ನಾಗಿಯೇ ಇತ್ತು. ದರ್ಬಾರು, ಮಂತ್ರಿ, ವಿದೂಷಕ, ಅಳುವ ರಾಣಿ, ಎಲ್ಲ ನಾನೇ. ಒಂದೂವರೆ ಗಂಟೆಯಾದ ಮೇಲೆ ಪ್ರಚಂಡಬಾಹುವಿನ ವೈರಿ ವಜ್ರಕೇತು ರಣರಂಗಕ್ಕೆ ಬರಬೇಕಾದ ಜಾಗ. ಸವಾಲು ಹಾಕಿದೆ, ಅವನ ಉತ್ತರ ಹೇಳಲು ಬಾಯಿ ತೆರೆದರೆ ಗಂಟಲಲ್ಲಿ ದನಿಯೇ ಇಲ್ಲ. ಅದುವರೆಗೆ ಬೆಟ್ಟದಲ್ಲಿ ಸಣ್ಣಗೆ ಕೇಳುತ್ತಿದ್ದ ಕುರಿಗಂಟೆ ನಿಂತುಹೋಯಿತು. ಬೈರೇಶನ ಹಗ್ಗ ನನ್ನ ಕೈಯಿಂದಲೇ ಜಾರಿತ್ತು.

ಆಗ ಪಕ್ಕದ ಕದದ ಹಿಂದಿನಿಂದ ಗುಡುಗಿತು: "ಯಾರದು ನನ್ನ ಸೀಮೆಯಲ್ಲಿ ಊಳಿಡುವ ಗುಳ್ಳೆನರಿ!" ಇಪ್ಪತ್ತೆರಡು ವರ್ಷ ವಜ್ರಕೇತುವಿನ ವೇಷ ಕಟ್ಟಿದ ಲಕ್ಷ್ಮಯ್ಯ ಮಾವ! ಕಣ್ಣು ಹೋಗುತ್ತದೆಂದು ಹೆದರಿದ ಮನುಷ್ಯ, ತನ್ನ ಪಾತ್ರಕ್ಕೆ ಹಾಕಿದ ಸವಾಲು ಉತ್ತರವಿಲ್ಲದೆ ಗಾಳಿಯಲ್ಲಿ ತೂಗುವುದನ್ನು ಮಾತ್ರ ತಾಳಲಾರದೆ ಹೋದರು. ಕದ ಒದ್ದು ಈಚೆಗೆ ಬಂದರು. ಅವರು ಹೇಳುವಾಗ ನಾನು ನೀರು ಕುಡಿದೆ, ನಾನು ಹೇಳುವಾಗ ಅವರು ಕೆಮ್ಮಿಕೊಂಡರು. ಅತ್ತೆ ಬಾಯಿಂದ ಸೆರಗು ಉಗಿದು, ತಟ್ಟೆ ಬಡಿದು ತಾಳ ಹಾಕಿದರು. ಗಂಟೆ ಮತ್ತೆ ಅಲುಗಿತು, ಅಲುಗುತ್ತಾ ಹತ್ತಿರವಾಯಿತು. ಯುದ್ಧವನ್ನು ಮತ್ತೆ ಮತ್ತೆ ಆಡಿದೆವು, ನಾನು ಎರಡು ಸಲ ಸತ್ತೆ. ಮೂರನೆಯ ಸಲ ಸಾಯುವ ಹೊತ್ತಿಗೆ ತಣ್ಣನೆಯ ಮೂತಿಯೊಂದು ಮೊಣಕೈಗೆ ತಾಗಿತು. ಟಗರು. ಅದರ ಕೊಂಬು ಹಿಡಿದುಕೊಂಡು ಬೈರೇಶ್. "ಒಸಿ ನೀರ್ ಕೊಡೇ, ಆಮ್ಯಾಕೆ ಸಾಯಿವಂತೆ" ಎಂದ.

ಎರಡು ಕುರಿ ಕ್ವಾರಿಗೆ ಬಿದ್ದವು, ಪಾಪ. ಮಬ್ಬಮ್ಮ ಸಂಜೆಗೆ ಹೋದಳು. ಮಾತಾಡಿದವರ ಕಣ್ಣುಗಳು ಇದ್ದಲ್ಲೇ ಇವೆ. ನಾನು ನಿನ್ನೆಯಿಂದ ಸೂಜಿಗೆ ದಾರ ಪೋಣಿಸಿ ಊರವರಿಗೆ ತೋರಿಸುತ್ತಿದ್ದೇನೆ. "ಎಂಟ್ ದಿನ ತಡೀರಿ, ಹೋಯ್ತವೆ" ಅನ್ನುವವರು ಇದ್ದಾರೆ. ತಡೆಯಲಿ. ಮುಂದಿನ ಸಲ ಅವಳು ಇಳಿದಾಗ ಈ ಜಗಲಿಯ ಮೇಲೆ ಹಾರ್ಮೋನಿಯಂ ಇರುತ್ತದೆ, ಕದಗಳು ತೆರೆದಿರುತ್ತವೆ.

ಅಕ್ಕನಿಗೂ ಮಕ್ಕಳಿಗೂ ನನ್ನ ನೆನಪು ಹೇಳಿ. ಖಾರ ಕಡಿಮೆ ತಿನ್ನಿ. ನಿಮ್ಮ ಪಾದಕ್ಕೆ ಬಗ್ಗಿ, ತಲೆ ಎತ್ತಿ ನಿಂತಿರುವ

ನಿಮ್ಮ ಮಗಳು
ನಯನ

ತಾ.ಕ.: ಬಾಬಾಜಾನ್ ಹಾರನ್ ಹೊಡೆಯುತ್ತಿದ್ದಾನೆ, ಬೇಗ ಹೇಳಿಬಿಡುತ್ತೇನೆ. ಯುಗಾದಿಯ ಮಾರನೆಯ ದಿನ ನಾಟಕ. "ಎದುರ್‍ಗೆ ನಯನ ನಿಂತ್ರೇನೇ ನಾನ್ ಬಣ್ಣ ಹಚ್ಚೋದು" ಎಂದು ಲಕ್ಷ್ಮಯ್ಯ ಮಾವ ಊರ ಮುಂದೆ ಹೇಳಿಯಾಗಿದೆ. ಗದೆ ಇಲ್ಲೇ ನಿಮ್ಮ ಟ್ರಂಕಿನಲ್ಲಿದೆ, ಬೀಗದ ಕೈ ನಿಮ್ಮ ಉಡಿದಾರದಲ್ಲಿದೆ. ಬಿಚ್ಚಿ ಬಾಬಾಜಾನ್ ಕೈಗೆ ಕೊಡಿ. ಕೊಡದಿದ್ದರೆ ಒನಕೆ ಹಿಡಿದು ನಿಲ್ಲುತ್ತೇನೆ. ಬೀಸಿ ನೋಡಿದ್ದೇನೆ, ನಿಮ್ಮ ಗದೆಗಿಂತ ಅದೇ ಭಾರ.