ಹಗ್ಗದ ಆಚೆ ತುದಿ

ಎರಡನೇ ಚಳಿ ತಿಂಗಳು, ಹನ್ನೊಂದನೇ ದಿನ
ಹಗ್ಗದಂಗಡಿಯಿಂದ

ನನ್ನ ಮುದ್ದು ಮಗಳಿಗೆ,

ಅಮ್ಮ ಮಾಡುವ ಆಶೀರ್ವಾದ. ನೀನು ಆರೋಗ್ಯವಾಗಿದ್ದೀಯ, ಗಾಜಿನ ಕುಲುಮೆಯ ಮುಂದೆ ಹೊತ್ತು ಹೊತ್ತಿಗೆ ನೀರು ಕುಡಿಯುತ್ತಿದ್ದೀಯ ಎಂದು ನಂಬಿ ಬರೆಯುತ್ತಿದ್ದೇನೆ. ನಿನ್ನ ಮೂರು ಪತ್ರಗಳೂ ಬಂದು ಸೇರಿವೆ. ಉತ್ತರ ಬರೆಯದ ತಪ್ಪು ನನ್ನದು, ಅಂಚೆಯವನನ್ನು ಬೈಯಬೇಡ. ಕಾಗದ ಬಿಡಿಸುವುದು, "ಮಗಳೇ" ಎಂದು ಬರೆಯುವುದು, ಮತ್ತೆ ಮಡಚಿಡುವುದು, ಇದರಲ್ಲೇ ನಲವತ್ತು ದಿನ ಹೋಯಿತು. ಅಪ್ಪನ ಸುದ್ದಿಯನ್ನು ಬಿರುಕು ಮುಚ್ಚುವ ಮೇಸ್ತ್ರಿ ನಿನಗೆ ಎರಡೇ ಸಾಲಿನಲ್ಲಿ ತಿಳಿಸಿದನಂತೆ. "ಏನಾಯ್ತು ಅಂತ ನೀನೇ ಹೇಳಬೇಕು, ಬೇರೆ ಯಾರು ಹೇಳಿದ್ರೂ ನಾನು ನಂಬಲ್ಲ" ಎಂದು ಬರೆದಿದ್ದೀಯ. ಅದನ್ನು ಓದಿದ ಮೇಲೆ ತಪ್ಪಿಸಿಕೊಳ್ಳಲು ದಾರಿ ಉಳಿಯಲಿಲ್ಲ.

ನಿನ್ನ ಸೋದರತ್ತೆ ಈಗ ನನ್ನ ಜೊತೆಯಲ್ಲೇ ಇದ್ದಾಳೆ. ಬಟ್ಟೆಗೆ ಬಣ್ಣ ಹಾಕುತ್ತಿದ್ದ ಅವಳ ಬಣ್ಣದ ಮನೆಯಲ್ಲಿ ಉಳಿದದ್ದು ಮುಂದಿನ ಗೋಡೆ ಮತ್ತು ಅವಳ ಬಾಯಿ, ಎರಡೇ. ಬೆಳಿಗ್ಗೆ ಎದ್ದರೆ ಒಲೆ ಸರಿಯಿಲ್ಲ, ಬಾವಿಯ ಹಗ್ಗ ಗಿಡ್ಡ ಎಂದು ಶುರು. ನನಗೂ ಅದೇ ಬೇಕಾಗಿದೆ, ಮನೆ ಸದ್ದಿಲ್ಲದೆ ಇದ್ದರೆ ಕಷ್ಟ.

ಬಿರುಕನ್ನು ಮೊದಲು ಕಂಡವಳು ಅವಳೇ. ಬೆಳಿಗ್ಗೆ ಹತ್ತರ ಹೊತ್ತು. ನೀಲಿ ತೊಟ್ಟಿಯ ಹಿಂದಿನ ಗೋಡೆಯಲ್ಲಿ ಕೂದಲೆಳೆಯಷ್ಟು ಗೆರೆ. ಹಳೇ ಗೋಡೆ, ಏನೋ ಮಸಿ ಎಂದು ಒದ್ದೆ ಬಟ್ಟೆಯಲ್ಲಿ ಒರೆಸಲು ಹೋದಳು. ಬಟ್ಟೆ ಅವಳ ಕೈ ಬಿಟ್ಟು ಒಳಗೆ ಹೋಯಿತು. ಆ ಗೋಡೆಯ ಆಚೆ ಕಟ್ಟಿಗೆ ಒಟ್ಟುವ ಹಿತ್ತಿಲಿರಬೇಕಿತ್ತು. ಅವಳಿಗೆ ಕಂಡದ್ದು ಬೂದಿಯಂಥ ಬಯಲು, ಅದರ ಮೇಲೆ ಆಕಾಶದ ಜಾಗದಲ್ಲಿ ಅಲುಗಾಡದೆ ನಿಂತ ನೀರು. ತೊಟ್ಟಿಯ ನೀಲಿ ದಾರದ ಹಾಗೆ ಮೇಲೆದ್ದು ಆ ಗೆರೆಯೊಳಗೆ ಹರಿಯತೊಡಗಿತು. ಅವಳು ಕೂಗುತ್ತಾ ಬೀದಿಗೆ ಓಡಿಬಂದಳು.

ನೀನು ಚಿಕ್ಕವಳಿದ್ದಾಗ ಕುಂಬಾರರ ಬೀದಿಯನ್ನು ಇಂಥದೇ ಒಂದು ನುಂಗಿತ್ತಲ್ಲ, ಇವತ್ತಿಗೂ ಅಲ್ಲಿ ರಸ್ತೆ ಅರ್ಧಕ್ಕೇ ನಿಲ್ಲುತ್ತದೆ. ಹಾಗಾಗಿ ಗಂಟೆ ಬಾರಿಸಿದ್ದೇ ತಡ, ಬೀದಿಯವರೆಲ್ಲ ಕೊನೆಯ ಬಾವಿಯ ಹತ್ತಿರ ಹೋಗಿ ನಿಂತರು. ಉಳಿದದ್ದು ಶಾಲೆ. ಬಣ್ಣದ ಮನೆಗೆ ಅಂಟಿಕೊಂಡ ಗೋಡೆ ಅದರದು, ಬಾಗಿಲೂ ಅದೇ ಕಡೆಗೆ. ಟೀಚರು ಹಿಂದಿನ ಕಿಟಕಿಯಿಂದ ಮಕ್ಕಳನ್ನು ಒಬ್ಬೊಬ್ಬರಾಗಿ ಇಳಿಸುತ್ತಿದ್ದರು. ನಲವತ್ತಮೂರು ಮಕ್ಕಳು, ಒಂದು ಕಿಟಕಿ.

ಮೇಸ್ತ್ರಿ ಗಾರೆಯ ಬುಟ್ಟಿ ಹೊತ್ತು ಬಂದ. ಅಷ್ಟರಲ್ಲಿ ಗೆರೆ ಬಾಗಿಲಿನಷ್ಟಾಗಿತ್ತು. "ಮುಚ್ಚೋಕೆ ನನಗೆ ತುಂಬಾ ಹೊತ್ತು ಬೇಡ. ಆದರೆ ನಮ್ಮ ಕಡೆ ವಸ್ತು ಒಂದೂ ಅದರ ಬಾಯಿಗೆ ಅಡ್ಡ ಇರಬಾರದು. ಒಂದು ದಾರ ಇದ್ರೂ ಅದು ಕೂಡಲ್ಲ, ಇನ್ನೂ ಹರಿಯುತ್ತೆ" ಎಂದ.

ಆಗ ನಿನ್ನ ಅತ್ತೆ ಎದೆ ಹಿಡಿದುಕೊಂಡು ಕೂತುಬಿಟ್ಟಳು. "ಕಿವುಡಜ್ಜ ಎಲ್ಲಿ? ಕೊನೇ ತೊಟ್ಟಿ ಹಿಂದೆ ಬಟ್ಟೆ ಹಿಂಡ್ತಾ ಇದ್ದ. ಗಂಟೆ ಅವನಿಗೆ ಎಲ್ಲಿಂದ ಕೇಳಿಸುತ್ತೆ? ಅದು ಅವನನ್ನೂ ಒಳಗೆ ಎಳ್ಕೊಂಡುಬಿಟ್ಟಿದೆ!"

ಅಪ್ಪ ನನ್ನ ಮುಖ ನೋಡಿದರು. ನಾನು ಬೇಡ ಎನ್ನಲಿಲ್ಲ, ಮಗಳೇ. ಅಂಗಡಿಗೆ ಹೋಗಿ ಮೂರೆಳೆಯ ದಪ್ಪ ಹಗ್ಗ ತಂದು ಅವರ ಸೊಂಟಕ್ಕೆ ನಾನೇ ಕಟ್ಟಿದೆ. "ಇಪ್ಪತ್ತೇಳು ವರ್ಷದಿಂದ ಇವಳು ನನ್ನನ್ನ ಕಟ್ಟಿಹಾಕೇ ಇದ್ದಾಳೆ, ಇವತ್ತೇನು ಹೊಸದಾ" ಎಂದರು. ಆ ಭಯದಲ್ಲೂ ಒಂದಿಬ್ಬರು ನಕ್ಕರು. ಒಂದು ಸಲ ಜಗ್ಗಿದರೆ ಚೆನ್ನಾಗಿದ್ದೀನಿ, ಎರಡು ಸಲ ಜಗ್ಗಿದರೆ ಎಳೆದುಕೋ ಎಂದು ಮಾತಾಯಿತು. ಮೇಸ್ತ್ರಿ ಅತ್ತೆಯನ್ನೂ ಬಾವಿಯ ಕಡೆಗೆ ಅಟ್ಟಿದ. ಅಪ್ಪ ಬಿರುಕಿನೊಳಗೆ ಹೋದರು. ಬಣ್ಣದ ಮನೆಯ ಬಾಗಿಲಲ್ಲಿ ಉಳಿದವರು ನಾನು, ಮೇಸ್ತ್ರಿ, ಇಬ್ಬರೇ.

ಬಿರುಕಿನೊಳಗೆ ಹತ್ತು ಹೆಜ್ಜೆ ಹತ್ತು ಹರದಾರಿಯಾಗುತ್ತದಂತೆ. ಒಂದು ಸುರುಳಿ ಮುಗಿಯಿತು. ಎರಡನೆಯದನ್ನು ಹೆಣೆದು ಸೇರಿಸಿದೆ, ಅದೂ ಮುಗಿಯಿತು. ಮೂರನೆಯದು ಓಡುವಾಗ ಅಂಗೈ ಸುಲಿದುಹೋಯಿತು. ಆಗಾಗ ಒಂದೊಂದು ಸಲ ಜಗ್ಗುತ್ತಿತ್ತು. ಅಷ್ಟು ಸಾಕಾಗಿತ್ತು ನನಗೆ. ಇತ್ತ ಬಿರುಕು ಅಗಲವಾಗುತ್ತಲೇ ಇತ್ತು. ತೊಟ್ಟಿಗಳು ಹೋದವು, ಚಾವಣಿಯ ತೊಲೆ ಹೋಯಿತು. ಸೂರ್ಯ ಎದುರಿಗೇ ಇದ್ದ, ಆದರೂ ನನ್ನ ನೆರಳು ಮುಂದಕ್ಕೆ, ಅದರ ಬಾಯಿಯ ಕಡೆಗೆ ತಿರುಗಿಕೊಂಡಿತು.

ಆಮೇಲೆ ಹಗ್ಗ ಭಾರವಾಯಿತು. ಎಳೆದೆವು. ಹಗ್ಗಕ್ಕೆ ಜೋತುಬಿದ್ದು ತೆವಳುತ್ತಾ ಬಂದವನು ಕಿವುಡಜ್ಜ. "ನನ್ನನ್ನ ಮುಂದೆ ಬಿಟ್ಟ. ಕಾಲು ಉಳುಕಿದೆ, ಹಿಂದೆ ಬರ್ತೀನಿ ಅಂತ ಸನ್ನೆ ಮಾಡಿದ" ಎಂದ. ಅವನನ್ನು ಬಾವಿಯ ಕಡೆಗೆ ಓಡಿಸಿದೆವು. ಹಗ್ಗದ ಆಚೆ ತುದಿ ಇನ್ನೂ ಒಳಗೆ, ಅಪ್ಪನ ಸೊಂಟದಲ್ಲೇ ಇತ್ತು.

ಅದೇ ಹೊತ್ತಿಗೆ ಶಾಲೆಯ ಗೋಡೆ ತೆಳ್ಳಗಾಯಿತು. ಕಲ್ಲಿನ ಗೋಡೆ ಒದ್ದೆ ಬಟ್ಟೆಯಂತಾಗಿ, ಆಚೆ ಕೋಣೆಯಲ್ಲಿ ಉಳಿದ ಮಕ್ಕಳು ಕಂಡರು. ಹನ್ನೊಂದು ಮಕ್ಕಳು, ಕಿಟಕಿಯ ಹತ್ತಿರ ಒಬ್ಬರ ಬೆನ್ನಿಗೊಬ್ಬರು. ಅವರ ಸ್ಲೇಟುಗಳು ಬೆಂಚಿನ ಮೇಲಿಂದ ಜಾರಿ ಬಿರುಕಿನ ಕಡೆಗೆ ಬರುತ್ತಿದ್ದವು.

ಆಗ ಹಗ್ಗ ತುಂಡಾಯಿತು. ಬಾಯಿ ಕೂಡಿಕೊಳ್ಳಲು ಶುರುವಾಯಿತು, ಮೇಸ್ತ್ರಿ ಗಾರೆ ಮೆತ್ತಿದ. ಮಕ್ಕಳೆಲ್ಲ ಉಳಿದರು. ಈಗ ಅಲ್ಲಿ ಅವನು ಮೆತ್ತಿದ ಗಾರೆ ಮಾತ್ರ ಇದೆ.

"ಬಿರುಕಿನ ಅಂಚಿಗೆ ಸಿಕ್ಕಿ ತುಂಡಾಯ್ತು" ಎಂದು ಮೇಸ್ತ್ರಿ ಎಲ್ಲರಿಗೂ ಹೇಳಿದ್ದಾನೆ. ಆದರೂ ಜನ ಜನವೇ. "ಗಂಡನ ಜೀವಕ್ಕೇ ಅವಳ ಹಗ್ಗ ಕೈಕೊಟ್ಟಿತು" ಎನ್ನುತ್ತಾರೆ. ಬಾವಿ ತೋಡುವವರು ಈಗ ಬೇರೆ ಕಡೆ ಹಗ್ಗ ಕೊಳ್ಳುತ್ತಿದ್ದಾರೆ. ನಿನ್ನ ಅತ್ತೆ ಬೀದಿಯಲ್ಲಿ ನಿಂತು ಅವರ ಜೊತೆ ಜಗಳಕ್ಕೆ ಇಳಿಯುತ್ತಾಳೆ. ನಾನು ಸುಮ್ಮನೆ ನಾರು ಬಿಡಿಸುತ್ತಾ ಕೂತಿರುತ್ತೇನೆ. ಕಿವುಡಜ್ಜ ದಿನಾ ಬಂದು ಹೊಸ್ತಿಲಲ್ಲಿ ಕೂತು ಹೋಗುತ್ತಾನೆ.

ಊಟ ಬಿಡಬೇಡ. ಅಳು ಬಂದರೆ ಅತ್ತುಬಿಡು, ಕೆಲಸದ ಹೊತ್ತಿನಲ್ಲಿ ಮಾತ್ರ ಕಣ್ಣು ಒರೆಸಿಕೊಂಡು ಹೋಗು, ಬಿಸಿ ಗಾಜು ಯಾರ ದುಃಖವನ್ನೂ ಕೇಳುವುದಿಲ್ಲ. ನೂರು ಕಾಲ ಬಾಳು, ನನ್ನ ಕಂದ. ನಿನ್ನ ಅಪ್ಪನ ಗಟ್ಟಿ ಎದೆ ನಿನಗಿರಲಿ.

ಇಂತಿ,
ನಿನ್ನ ಅಮ್ಮ

ಮರೆತು ಬಿಟ್ಟ ಮಾತಲ್ಲ ಇದು, ಬೇಕೆಂದೇ ಬಿಟ್ಟದ್ದು. ನನ್ನ ಹಗ್ಗ ತುಂಡಾಗಲಿಲ್ಲ. ಮಕ್ಕಳು ಕಂಡಾಗ ಮೇಸ್ತ್ರಿ, "ಅಕ್ಕಾ, ಇನ್ನು ತಡ ಮಾಡೋ ಹಾಗಿಲ್ಲ. ನಾನು ಕತ್ತರಿಸಲಾ, ನೀವೇ ಕತ್ತರಿಸ್ತೀರಾ?" ಎಂದು ಕೇಳಿದ. ಬೇರೆಯವರ ಕೈಗೆ ಬಿಡಲು ಮನಸ್ಸಾಗಲಿಲ್ಲ. ನಾರು ಕೊಯ್ಯುವ ಕತ್ತಿ ತೆಗೆದೆ. ಮೂರೆಳೆಯಲ್ಲಿ ಎರಡು ಕತ್ತರಿಸಿ ಆಗಿತ್ತು. ಆಗ ಹಗ್ಗ ಜಗ್ಗಿತು, ಎರಡು ಸಲ. ಅದು ಮೇಸ್ತ್ರಿಗೆ ತಿಳಿಯಲಿಲ್ಲ, ಹಗ್ಗ ಇದ್ದದ್ದು ನನ್ನ ಕೈಯಲ್ಲಿ. ಮೂರನೇ ಎಳೆಯನ್ನೂ ಕತ್ತರಿಸಿದೆ. ಬರುವ ತಿಂಗಳು ಬರುತ್ತೇನೆ ಎಂದು ಬರೆದಿದ್ದೀಯಲ್ಲ, ಇದನ್ನು ತಿಳಿದೂ ಬರುವ ಮನಸ್ಸಿದ್ದರೆ ಬಾ.