ಮುಳುಗಿದವರ ವೋಟು

ಜನವರಿ 14, 1950. ಶನಿವಾರ

ಬೆಳಿಗ್ಗೆ ಮೀನು ಸೀಳಲು ಕೂತೆ. ಚಳಿಗೆ ಬೆರಳು ಬಗ್ಗುವುದಿಲ್ಲ. ಕೆಳಗೆ ಹಾಸಲು ಮಗಳು ಬೀನಿ ಪೇಪರು ಕೊಟ್ಟುಹೋಗಿದ್ದಳು. ಎರಡು ಮೀನು ಮುಗಿಸಿದ ಮೇಲೆ ಕಣ್ಣಿಗೆ ಬಿತ್ತು — ‘ಇನ್ವರ್‌ಕೆಲ್ಡ್ ಕ್ಷೇತ್ರ ಇನ್ನಿಲ್ಲ.’ ಕರುಳು ಒರೆಸಿ ಓದಿದೆ.

ಬರುವ ತಿಂಗಳ ಚುನಾವಣೆಗೆ ನಮ್ಮ ಕ್ಷೇತ್ರವೇ ಇರುವುದಿಲ್ಲವಂತೆ. ಕಡಲಂಚಿನ ಐದು ಊರು ಸೇರಿಸಿ ನನ್ನ ಅಜ್ಜನ ಕಾಲದಲ್ಲಿ ಒಂದು ಸೀಟು ಮಾಡಿದ್ದರು. ಈಗ ಲಂಡನ್ನಿನಲ್ಲಿ ಯಾರೋ ನಕ್ಷೆಯ ಮೇಲೆ ಗೆರೆ ಎಳೆದು ನಮ್ಮನ್ನು ಗುಡ್ಡದ ಕುರಿಯವರ ಜೊತೆ ಕಟ್ಟಿದ್ದಾರೆ. ಕುರಿಯವರಿಗೆ ಕಡಲು ಅಂದರೆ ಉಪ್ಪು ಬರುವ ಜಾಗ, ಅಷ್ಟೇ.

ಪೇಪರಿನವನು ಕ್ಷೇತ್ರದ ಚರಿತ್ರೆ ಅಂತ ಅರ್ಧ ಪುಟ ತುಂಬಿಸಿದ್ದಾನೆ. ಮೊದಲು ಗೆದ್ದವನು ಹಡಗು ಕಟ್ಟುವ ಧಣಿ. ಆಮೇಲೆ ಧಣಿಯ ಅಳಿಯ. 1923ರಲ್ಲಿ ಲಿಬರಲ್ ವಕೀಲ, ಐದು ವೋಟಿನಿಂದ. ಮರುವರ್ಷ ಅವನನ್ನು ಓಡಿಸಿ ಒಬ್ಬ ಕರ್ನಲ್. ಕರ್ನಲ್ ಸತ್ತ ಮೇಲೆ ಇನ್ನೊಬ್ಬ ಕರ್ನಲ್. ಹೋದ ಸಲ ಲೇಬರಿನ ಮಾಸ್ತರು. ಮುಗಿಯಿತು.

ಐದು ವೋಟಿನಿಂದ ಅಂತ ಬರೆದು ಮುಂದಿನ ಸಾಲಿಗೆ ಹಾರಿದ್ದಾನೆ. ಆ ವೋಟು ಎಲ್ಲಿಂದ ಬಂತು ಅಂತ ಒಂದಕ್ಷರ ಇಲ್ಲ. ಅವನ ಹೆಸರಿನ ಮೇಲೆ ಮೀನಿನ ತಲೆ ಇಟ್ಟು ಕೆಲಸ ಮುಂದುವರಿಸಿದೆ.

ಜನವರಿ 15. ಭಾನುವಾರ

ಭಾನುವಾರ ಬರೆಯಬಾರದು. ಬರೆಯುತ್ತಿದ್ದೇನೆ.

ಆಂಡ್ರಾ ಸೂಪಿಗೆ ಬಂದ. ನನ್ನ ಮೈದುನ, ಪಕ್ಕದ ಮನೆ, ಒಂಟಿ. ನನ್ನ ಗಂಡ ವಿಲಮ್ ಹೋದಾಗಿನಿಂದ ಇವನಿಗೆ ಊಟ ಹಾಕುತ್ತಿದ್ದೇನೆ. ಕ್ಷಮಿಸಿಲ್ಲ. ಅದು ಬೇರೆ ಕೆಲಸ, ಇದು ಬೇರೆ ಕೆಲಸ.

“ಪೇಪರ್ ನೋಡಿದ್ರಾ ಅತ್ತಿಗೆ?”

“ಮೀನಿನ ಕೆಳಗಿತ್ತು. ನೋಡ್ದೆ.”

“ಹಾಗಾದ್ರೆ ಅವರು ಎಲ್ಲಿಗೆ ಬರ್ತಾರೆ?”

“ಯಾರು?”

ಯಾರು ಅಂತ ನನಗೂ ಗೊತ್ತು. ಸೂಪು ಆರಿಹೋಗುತ್ತೆ, ಕುಡಿ ಅಂದೆ. ಕುಡಿದ. ಕೆಮ್ಮಿದ. ಆ ಕೆಮ್ಮು ಗೋಡೆ ದಾಟಿ ನನ್ನ ಹಾಸಿಗೆಯ ತನಕ ಬರುತ್ತದೆ.

ಜನವರಿ 23. ಸೋಮವಾರ

ಚೀಟಿ ಬಂತು. ವೋಟು ಈ ಸಲ ಗುಡ್ಡದ ಮೇಲಿನ ಸ್ಕೂಲಿನಲ್ಲಿ. ದೋಣಿ ನಿಲ್ಲುವ ಕಟ್ಟೆಯ ಪಕ್ಕದ ಮಿಷನ್ ಮನೆಯಲ್ಲಿ ಅಲ್ಲ. ಮಿಷನ್ ಮನೆಯನ್ನು ಕಲ್ಲಿದ್ದಲು ಮಾರುವವನು ಕೊಂಡುಕೊಂಡಿದ್ದಾನೆ. ಬಾಗಿಲಿಗೆ ಬೀಗ, ಒಳಗೆ ಮೂಟೆ.

ಅವತ್ತಿನದು ಒಮ್ಮೆಯೂ ಬರೆದಿಟ್ಟಿಲ್ಲ. ಪೇಪರಿನವನು ಬರೆಯಲಿಲ್ಲ, ನಾನಾದರೂ ಬರೆಯುತ್ತೇನೆ.

1923, ಡಿಸೆಂಬರ್, ವೋಟಿನ ದಿನ. ‘ಗುಡ್ ಇಂಟೆಂಟ್’ ದೋಣಿಯ ಏಳು ಜನ ಗಾಳದ ಬುಟ್ಟಿ ಹೊತ್ತು ಹೊರಟರು. ನನ್ನ ಗಂಡ ವಿಲಮ್, ಅವನ ತಮ್ಮ ಆಂಡ್ರಾ, ಇನ್ನೈದು ಮಂದಿ. ಹೇಗೂ ದಾರಿಯಲ್ಲಿದೆ, ವೋಟು ಹಾಕಿಯೇ ಹೋಗೋಣ ಅಂತ ಮಿಷನ್ ಮನೆಗೆ ತಿರುಗಿದರು. ಮೆಟ್ಟಿಲ ಮೇಲೆ ಪಾದ್ರಿ ಎದುರಾದ. ವೋಟು ಹಾಕಿ ಇಳಿಯುತ್ತಿದ್ದ. ದೋಣಿಗೆ ಹೋಗುವಾಗ ಪಾದ್ರಿ ಎದುರು ಬಂದರೆ ನಮ್ಮವರು ಮನೆಗೆ ತಿರುಗಬೇಕು, ಆ ದಿನ ಕಡಲಿಲ್ಲ. ಕಟ್ಟೆಯ ಮೇಲೆ ಆ ಹೆಸರನ್ನೂ ಎತ್ತುವುದಿಲ್ಲ. ಕರಿಕೋಟು ಅನ್ನುತ್ತೇವೆ, ಹತ್ತಿರದ ಕಬ್ಬಿಣ ಮುಟ್ಟುತ್ತೇವೆ.

ವಿಲಮ್ ಅಂದನಂತೆ, “ಈಗ ನಾವು ಹೋಗ್ತಿರೋದು ವೋಟಿಗೆ, ದೋಣಿಗಲ್ಲ. ಇದು ಲೆಕ್ಕಕ್ಕಿಲ್ಲ.”

ಉಳಿದವರು ಹೌದು ಅಂದರು. ಆಂಡ್ರಾ ಒಬ್ಬ ಒಪ್ಪಲಿಲ್ಲ. “ಹೆಗಲ ಮೇಲೆ ಬುಟ್ಟಿ ಇದೆ. ಲೆಕ್ಕಕ್ಕಿದೆ.” ಬುಟ್ಟಿ ಮೆಟ್ಟಿಲ ಬಳಿ ಇಳಿಸಿ ಮನೆಗೆ ಬಂದ. ವೋಟೂ ಹಾಕಲಿಲ್ಲ.

ಆರು ಜನ ವೋಟು ಹಾಕಿ ದೋಣಿ ಏರಿದರು. ಮಧ್ಯಾಹ್ನ ಗಾಳಿ ಈಶಾನ್ಯಕ್ಕೆ ತಿರುಗಿತು. ದೋಣಿಯ ಹಲಗೆಯೂ ಸಿಗಲಿಲ್ಲ. ಮರುದಿನ ಎಣಿಕೆ. ವಕೀಲ ಐದರಿಂದ ಗೆದ್ದ. ನೀರಿನಡಿ ಇರುವವರು ನಿನ್ನನ್ನು ಪಾರ್ಲಿಮೆಂಟಿಗೆ ಕಳಿಸಿದರು ಅಂತ ಊರೇ ಅವನಿಗೆ ಹೇಳಿತು. ಬಂದ, ಟೋಪಿ ತೆಗೆದ, ನನ್ನ ಕೈ ಹಿಡಿದ. ಕೈಗವಸು ತೆಗೆಯಲಿಲ್ಲ.

ಅಂದಿನಿಂದ ಪ್ರತಿ ಚುನಾವಣೆಗೂ ಬಾಗಿಲು ತೆಗೆದ ಮೇಲೆ ಅರ್ಧ ಗಂಟೆ ಕಟ್ಟೆಯವರು ಯಾರೂ ಒಳಗೆ ಹೋಗುವುದಿಲ್ಲ. ಮೊದಲು ಅವರು ಹಾಕಬೇಕು. ಬೆಳಗು ಹರಿಯುವ ಮೊದಲು ಓಣಿಯಲ್ಲಿ ಬೂಟಿನ ಸದ್ದು ಬರುತ್ತದೆ ಅಂತ ಎಲ್ಲರೂ ಹೇಳುತ್ತಾರೆ. ನೀರಿನ ಪಂಪಿನ ಪಕ್ಕದ ಮನೆಯವಳು ಕೇಳಿದ್ದಾಳೆ. ಪೊಲೀಸಿನವನು ಕೇಳಿದ್ದಾನೆ, ಅವನು ಊರಿನವನೂ ಅಲ್ಲ, ಗ್ಲಾಸ್ಗೋದವನು. ಆಂಡ್ರಾ ಪ್ರತಿ ಸಲ ಕೇಳುತ್ತಾನೆ. ತನ್ನ ಬಾಗಿಲ ಮುಂದೆ ನಿಂತು ಮುಂದೆ ಹೋಗುತ್ತಾರೆ ಅನ್ನುತ್ತಾನೆ.

ನನಗೆ ಒಮ್ಮೆಯೂ ಕೇಳಿಸಿಲ್ಲ. ಗಂಡ ನನ್ನವನು.

ಫೆಬ್ರವರಿ 4. ಶನಿವಾರ

ಸ್ಕೂಲಿಗೆ ಹತ್ತಿದೆ. ಮಂಡಿ ಬಿದ್ದುಹೋಯಿತು. ಹೆಡ್ಮಾಸ್ತರ್ ಫರ್ಕರ್ ಈ ಸಲ ವೋಟಿನ ಅಧಿಕಾರಿ. ಎಳೆಯ ಮುಖ, ಬೆರಳಿಗೆಲ್ಲ ಮಸಿ.

“ಅಮ್ಮಾ, ಏಳಕ್ಕೆ ಬಾಗಿಲು ತೆಗೀಬೇಕು, ಬಂದವರಿಗೆ ಚೀಟಿ ಕೊಡ್ಬೇಕು. ಕಾನೂನು ಅದು.”

“ಬಾಗಿಲು ತೆಗಿ. ಚೀಟಿ ಅರ್ಧ ಗಂಟೆ ತಡೆದು ಕೊಡು.”

“ಯಾರಿಗೋಸ್ಕರ?”

“ಮೊದಲು ಹಾಕೋವ್ರು ಇದಾರೆ.”

“ಪಟ್ಟೀಲಿ ಹೆಸರಿದ್ಯಾ?”

“ಕಟ್ಟೆ ಮೇಲೆ ಕಲ್ಲಲ್ಲಿ ಕೆತ್ತಿದೆ. ಬಿಡುವಾದಾಗ ಇಳಿದು ಬಂದು ಓದ್ಕೋ.”

ಅವನಿಗೆ ಯಾರೋ ಹೇಳಿರಬೇಕು. ನಗಲಿಲ್ಲ. ಪೆನ್ನು ಕೆಳಗಿಟ್ಟ.

“ಬಂದವರನ್ನ ನಾನು ತಡೆಯೋ ಹಾಗಿಲ್ಲಮ್ಮ. ಬರದೇ ಇರೋವ್ರನ್ನ ಎಳ್ಕೊಂಡು ಬರೋ ಹಾಗೂ ಇಲ್ಲ.”

ಓದಿದವನಿಗೆ ಇಷ್ಟು ಬುದ್ಧಿ ಇದ್ದರೆ ಸಾಕು. ಇಳಿಯುವಾಗ ಕಟ್ಟೆಯ ಹೆಂಗಸರಿಗೆಲ್ಲ ಹೇಳಿಬಂದೆ — ಏಳೂವರೆಗೆ ಮೊದಲು ಒಬ್ಬರ ಮುಖವೂ ಗುಡ್ಡದ ಮೇಲೆ ಕಾಣಬಾರದು. ಕುರಿಯವರು? ಅವರ ಬಸ್ಸು ಬರುವುದೇ ಎಂಟಕ್ಕೆ.

ಫೆಬ್ರವರಿ 12. ಭಾನುವಾರ

ಆಂಡ್ರಾ ಬಿದ್ದುಕೊಂಡಿದ್ದಾನೆ. ಎದೆ. ಡಾಕ್ಟರು ಬಂದು ಬೆನ್ನು ತಟ್ಟಿ ನೋಡಿ, ಹೊರಗೆ ಕಾಲಿಡಬಾರದು ಅಂದ. ಸೂಪು ನಾನೇ ಒಯ್ದೆ.

“ಜಾಗ ಬದಲಾಗಿದೆ ಅಂತ ಅವರಿಗೆ ಗೊತ್ತಿಲ್ಲ, ಅತ್ತಿಗೆ.”

“ಸೂಪು ಕುಡಿ.”

“ಮಿಷನ್ ಮನೆಗೇ ಹೋಗ್ತಾರೆ. ಬೀಗ ನೋಡಿ ಅಲ್ಲೇ ನಿಂತಿರ್ತಾರೆ. ಕ್ಷೇತ್ರಾನೇ ಇಲ್ಲ ಅಂತ ಯಾರಾದ್ರೂ ಹೇಳ್ಬೇಕಲ್ಲ.”

“ನೀನು ಹೇಳ್ತೀಯಾ? ಅವತ್ತು ಈ ಬಾಯಿ ಎಲ್ಲಿತ್ತು?”

“ಹೇಳ್ದೆ. ಕೇಳ್ಲಿಲ್ಲ.”

“ತೋಳು ಹಿಡಿದು ಎಳೀಬೇಕಿತ್ತು.”

“ಅಣ್ಣನ ತೋಳು ಹಿಡಿಯೋದಾ? ಎಲ್ಲರ ಮುಂದೆ?”

ಇಷ್ಟು ವರ್ಷ ಇದೇ ಮಾತು, ಇದೇ ಜಾಗದಲ್ಲಿ ನಿಲ್ಲುತ್ತದೆ. ಇವತ್ತು ಅವನು ಮುಂದೆ ಹೋದ. ಗೋಡೆ ನೋಡಿಕೊಂಡೇ ಅಂದ, “ಈ ಸಲ ಅವರು ಬಾಗಿಲಲ್ಲಿ ನಿಂತಾಗ ನಾನೂ ಹೊರಡ್ತೀನಿ. ಸ್ಕೂಲಿನ ದಾರಿ ತೋರಿಸಿ, ನನ್ನ ವೋಟು ಹಾಕಿ, ಬಂದುಬಿಡ್ತೀನಿ.”

ಬಂದುಬಿಡುತ್ತೇನೆ ಅಂದ. ವಿಲಮ್ ಕೂಡ ಅದೇ ಅಂದಿದ್ದ, ಟೀ ಮುಚ್ಚಿಡು ಅಂತ.

ಫೆಬ್ರವರಿ 20. ಸೋಮವಾರ

ಈಗಿನ ಪಾದ್ರಿಯ ಮನೆಗೆ ಹೋದೆ, ಹಿಂಬಾಗಿಲಿಂದ. ಗೇಟಿನ ಕಬ್ಬಿಣ ಮುಟ್ಟಿಯೇ ಒಳಗೆ ಕಾಲಿಟ್ಟೆ. ಅವನು ನೋಡಿದ. ನೋಡಲಿ.

“ಗುರುವಾರ ಬೆಳಿಗ್ಗೆ ಎಂಟರ ತನಕ ಹೊರಗೆ ಬರಬೇಡಿ.”

“ಯಾಕಮ್ಮಾ ಎಲ್ಸ್‌ಪೆಟ್?”

“ನಾನು ಓಣೀಲಿ ಇಳೀಬೇಕು. ನೀವು ಎದುರಾಗಬಾರದು.”

“ಭಾನುವಾರ ನನ್ನ ಮುಖ ನೋಡೋಕೆ ನೀವು ಬರೋದಿಲ್ಲ. ಗುರುವಾರ ನೋಡಬಾರದು ಅಂತೀರಿ. ಮತ್ತೆ ಯಾವಾಗ ತೋರಿಸ್ಲಿ ಈ ಮುಖಾನ?”

“ಮದುವೆಗೆ, ಸಾವಿಗೆ. ಅಷ್ಟು ಸಾಕು.”

ನಕ್ಕ. ಆಮೇಲೆ ನಗು ನಿಲ್ಲಿಸಿ ಹೇಳಿದ, ಆಗಿನ ಪಾದ್ರಿ ಸಾಯುವ ತನಕ ಮಧ್ಯಾಹ್ನಕ್ಕೆ ಮೊದಲು ವೋಟಿಗೆ ಹೋಗಲಿಲ್ಲವಂತೆ. ಯಾರಿಗೂ ಕಾರಣ ಹೇಳಲಿಲ್ಲವಂತೆ. ನನಗೆ ಇದು ಗೊತ್ತಿರಲಿಲ್ಲ. ಆ ಮನುಷ್ಯನನ್ನು ಎಷ್ಟು ಬೈದಿದ್ದೇನೆ.

ಗುರುವಾರ ಒಳಗೇ ಇರುತ್ತೇನೆ ಅಂತ ಮಾತು ಕೊಟ್ಟ.

ಫೆಬ್ರವರಿ 22. ಬುಧವಾರ, ಸಂಜೆ

ಆಂಡ್ರಾಗೆ ಜ್ವರ ಏರಿದೆ. ಆದರೂ ಎದ್ದು ಕೂತು ಬೂಟಿಗೆ ಎಣ್ಣೆ ಹಚ್ಚುತ್ತಿದ್ದ. ಕಡಲಿಗೆ ಹೋಗುವ ಉದ್ದ ಬೂಟು, ಎಷ್ಟು ವರ್ಷದಿಂದ ಮೊಳೆಗೆ ನೇತುಹಾಕಿದ್ದು. ಬೀನಿ ಬಂದವಳು ನೋಡಿ ನನ್ನ ಮೇಲೆ ಹರಿಹಾಯ್ದಳು.

“ಇದೆಲ್ಲ ನೀನೇ ತಲೆಗೆ ತುಂಬಿದ್ದು ಅಮ್ಮಾ. ಹೋಗ್ಲಿ ಅಂತ ಬಿಟ್ರೆ ಚಿಕ್ಕಪ್ಪ ಗುಡ್ಡದ ಅರ್ಧ ದಾರೀಲೇ ಸಾಯ್ತಾರೆ.”

“ಬಿಡ್ತೀನಿ ಅಂತ ಯಾರೇ ಹೇಳಿದ್ದು?”

ಬೂಟು ಕಿತ್ತುಕೊಂಡು ನನ್ನ ಮನೆಗೆ ತಂದೆ. ಆಂಡ್ರಾ ಮಗುವಿನ ಹಾಗೆ ನೋಡಿದ.

“ನೀನು ಮಲಗು. ನಾನು ಹೋಗಿ ಅವರಿಗೆ ಹೇಳ್ತೀನಿ.”

“ನಿಮಗೆ ಅವರು ಕೇಳಿಸಲ್ಲವಲ್ಲ, ಅತ್ತಿಗೆ.”

“ಅವರಿಗೆ ನಾನು ಕೇಳಿಸ್ತೀನಿ. ನನ್ನ ಗಂಟಲು ಊರಿಗೇ ಗೊತ್ತು.”

ಸ್ವಲ್ಪ ನಕ್ಕ. ನಕ್ಕಿದ್ದಕ್ಕೇ ಕೆಮ್ಮು. ಬೀನಿ ರಾತ್ರಿ ಅವನ ಹತ್ತಿರ ಕೂರುತ್ತೇನೆ ಅಂದಳು, ಬೇಡ ಅಂದ, ಕೂತಿದ್ದಾಳೆ.

ಬೂಟು ನನ್ನ ಮೇಜಿನ ಕೆಳಗಿದೆ.

ಫೆಬ್ರವರಿ 23. ಗುರುವಾರ, ಬೆಳಿಗ್ಗೆ ಆರು

ಎದ್ದು ಒಲೆ ಹಚ್ಚಿದೆ. ಪಡಿತರದ ಟೀ ಪುಡಿ ಇವತ್ತು ಎರಡು ಚಮಚ ಹಾಕಿದೆ, ಯಾರು ಕೇಳುತ್ತಾರೆ. ಗಾಳಿ ಇಲ್ಲ. ಕಡಲು ಇಷ್ಟು ಸುಮ್ಮನಿರುವುದು ಒಳ್ಳೆಯದಲ್ಲ. ಆರೂವರೆಗೆ ಕೆಳಗೆ ಇಳಿದು ಮಿಷನ್ ಮನೆಯ ಮೆಟ್ಟಿಲ ಬಳಿ ನಿಲ್ಲಬೇಕು. ಏನು ಹೇಳುವುದು ಅಂತ ಯೋಚಿಸಿದ್ದೇನೆ. ಸೀಟು ಹೋಯಿತು. ನಿಮ್ಮ ಮೇಲೆ ಇನ್ನು ಯಾರ ಭಾರವೂ ಇಲ್ಲ. ಬರಬೇಡಿ. ವಿಲಮ್‌ಗೆ ಬೇರೆ ಒಂದು ಮಾತಿದೆ, ಅದನ್ನು ಇಲ್ಲಿ ಬರೆಯುವುದಿಲ್ಲ.

ಹೊರಡುವ ತನಕ ಕೈ ಸುಮ್ಮನೆ ಇರದು, ಅದಕ್ಕೆ ಬರೆಯುತ್ತಿದ್ದೇನೆ. ಗೋಡೆಯಾಚೆ ಕೆಮ್ಮು ಇದೆ. ಈಗಷ್ಟೇ ಬಂತು, ಎರಡು ಸಲ. ಬೀನಿ ನಿದ್ದೆ ಹೋಗಿರಬೇಕು.

ಸದ್ದು.

ಓಣಿಯ ಕೆಳಗಿಂದ. ಕಲ್ಲಿನ ಮೇಲೆ ಬೂಟು. ಪೊಲೀಸಿನವನದಲ್ಲ, ಅವನದು ಒಬ್ಬನದು. ಇದು ತುಂಬ ಜನ. ಒಬ್ಬ ಎಡಗಾಲು ಸ್ವಲ್ಪ ಎಳೆಯುತ್ತಾನೆ. ಆ ಎಡಗಾಲು ನನಗೆ ಗೊತ್ತು. ಹೆರಿಂಗ್ ಮೀನಿನ ಪೀಪಾಯಿ ಬಿದ್ದ ಕಾಲು ಅದು, ನಾನೇ ಬಟ್ಟೆ ಕಟ್ಟಿದ್ದು.

ಇಷ್ಟು ವರ್ಷದ ಮೇಲೆ ಕೇಳಿಸಿತು.

ಆಂಡ್ರಾನ ಬಾಗಿಲ ಮುಂದೆ ನಿಂತರು. ಸುಳ್ಳು ಹೇಳಿರಲಿಲ್ಲ ಅವನು.

ಕೆಮ್ಮು ನಿಂತಿದೆ. ಕಾದೆ. ಮತ್ತೆ ಬರಲಿಲ್ಲ.

ಅವನ ಬಾಗಿಲ ಚಿಲಕ ಕಿರುಗುಟ್ಟಿತು. ಎಣ್ಣೆ ಹಾಕು ಅಂತ ವರ್ಷಗಟ್ಟಲೆ ಬೈದ ಚಿಲಕ. ಈಗ ಮತ್ತೆ ಹೆಜ್ಜೆ. ಕೆಳಗೆ ಮಿಷನ್ ಮನೆಯ ಕಡೆ ಹೋಗುತ್ತಿಲ್ಲ. ಮೇಲಕ್ಕೆ, ಸ್ಕೂಲಿನ ದಾರಿಗೆ ತಿರುಗಿದರು. ಹೇಳಿಬಿಟ್ಟಿದ್ದಾನೆ. ಇನ್ನೊಬ್ಬ ಸೇರಿದ್ದಾನೆ, ಹಿಂದೆ, ಅವಸರದ ಹೆಜ್ಜೆ, ಬೂಟಿನದೇ ಸದ್ದು.

ಅವನ ಬೂಟು ಇಲ್ಲಿದೆ. ಕಾಲಿಗೆ ತಾಗುತ್ತಿದೆ. ಎಣ್ಣೆ ಇನ್ನೂ ಆರಿಲ್ಲ.

ಬೀನಿ ಕೂಗುತ್ತಿದ್ದಾಳೆ, ಚಿಕ್ಕಪ್ಪಾ ಚಿಕ್ಕಪ್ಪಾ ಅಂತ. ನನ್ನ ಕಿಟಕಿ ದಾಟುತ್ತಿದ್ದಾರೆ. ತೋಳು ಹಿಡಿದು ಎಳೀಬೇಕಿತ್ತು ಅಂತ ಇಷ್ಟು ವರ್ಷ ಅಂದವಳು ನಾನು. ನನಗೆ ಎರಡು ಕೈ ಇದೆ. ವಿಲಮ್‌ಗೆ ಒಂದು, ಆಂಡ್ರಾಗೆ ಒಂದು. ಶಾಲು ಬೇಡ, ಬಾಗಿಲು